ಮೊದಲ ಅಂತರರಾಷ್ಟ್ರೀಯ ಕ್ರೀಡಾಕೂಟ ಯಾವುದು? ಆಟಗಾರನನ್ನು ಕಳುಹಿಸಿದವರು ಯಾರೆಂದು ಮೊದಲು ಕೇಳಿ

ಪ್ರಶ್ನೆ: ನಾನು ಪ್ರೌಢಶಾಲೆಯೊಂದರಲ್ಲಿ ದೈಹಿಕ ಶಿಕ್ಷಣ ಶಿಕ್ಷಕ. ಮಕ್ಕಳನ್ನು ರಸಪ್ರಶ್ನೆ ಸ್ಪರ್ಧೆಗೆ ಸಿದ್ಧಪಡಿಸುವಾಗ ಗೊಂದಲಕ್ಕೆ ಬಿದ್ದಿದ್ದೇನೆ. ಆಧುನಿಕ ಕಾಲದ ಮೊದಲ ಅಂತರರಾಷ್ಟ್ರೀಯ ಕ್ರೀಡಾಕೂಟ 1896ರ ಅಥೆನ್ಸ್ ಒಲಿಂಪಿಕ್ಸ್ ಎಂದು ಒಂದು ಪುಸ್ತಕದಲ್ಲಿದೆ. ಅದೇ ಅಥೆನ್ಸಿನಲ್ಲಿ 1859ರಲ್ಲೇ ಒಲಿಂಪಿಕ್ಸ್ ನಡೆದಿತ್ತು ಎಂದು ಇನ್ನೊಂದರಲ್ಲಿದೆ. 1906ರಲ್ಲಿ ನಡೆದ ಕೂಟ ಅಧಿಕೃತ ಪಟ್ಟಿಯಲ್ಲಿ ಏಕಿಲ್ಲ? 1900ರಲ್ಲಿ ಎರಡು ಬೆಳ್ಳಿ ಪದಕ ಗೆದ್ದ ನಾರ್ಮನ್ ಪ್ರಿಚರ್ಡ್ ಭಾರತದ ಪರ ಓಡಿದ್ದು ನಿಜವೇ?

ಉತ್ತರ: ನಿಮ್ಮ ಮೂರು ಪ್ರಶ್ನೆಗಳಿಗೂ ಬೇರು ಒಂದೇ. ಇಂದು ಅಂತರರಾಷ್ಟ್ರೀಯ ಕೂಟ ಎಂದಕೂಡಲೇ ದೇಶವೊಂದು ತನ್ನ ತಂಡವನ್ನು ಆರಿಸಿ, ಬಣ್ಣದ ಉಡುಪು ತೊಡಿಸಿ, ಧ್ವಜ ಹಿಡಿಸಿ ಕಳುಹಿಸುವ ಚಿತ್ರ ಕಣ್ಣಿಗೆ ಬರುತ್ತದೆ. ಹತ್ತೊಂಬತ್ತನೆಯ ಶತಮಾನದಲ್ಲಿ ಹಾಗಿರಲಿಲ್ಲ. ಜಾತ್ರೆಯ ಕುಸ್ತಿ ಕಣಕ್ಕೆ ಸುತ್ತಲಿನ ಊರುಗಳ ಪೈಲ್ವಾನರು ತಾವಾಗಿಯೇ ಬಂದು ಇಳಿಯುತ್ತಾರಲ್ಲ, ಅಂದಿನ ಕೂಟಗಳಿಗೂ ಜನ ಹಾಗೆಯೇ ಬರುತ್ತಿದ್ದರು. ದೇಶಗಳು ಆಟಗಾರರನ್ನು ಕಳುಹಿಸುವ ಪದ್ಧತಿ ಗಟ್ಟಿಯಾದದ್ದು 1906 ಮತ್ತು 1908ರ ನಡುವೆ. ಈ ಗೆರೆಯನ್ನು ಮನಸ್ಸಿನಲ್ಲಿಟ್ಟುಕೊಂಡರೆ ಹಳೆಯ ಗೊಂದಲಗಳು ಬಹುಪಾಲು ತಾವಾಗಿಯೇ ಬಿಡಿಸಿಕೊಳ್ಳುತ್ತವೆ.

ಮೊದಲಿಗೆ 1859. ಏವಾಂಜೆಲೋಸ್ ಜಾಪಾಸ್ ಎಂಬ ಗ್ರೀಕ್ ಶ್ರೀಮಂತ ರೊಮೇನಿಯಾದಲ್ಲಿ ನೆಲೆಸಿ ಅಪಾರ ಸಂಪತ್ತು ಗಳಿಸಿದ್ದ. ಪ್ರಾಚೀನ ಒಲಿಂಪಿಕ್ ಕ್ರೀಡೆಗಳನ್ನು ಮತ್ತೆ ನಡೆಸುವುದಾದರೆ ಖರ್ಚು ತನ್ನದು ಎಂದು 1856ರಲ್ಲಿ ಗ್ರೀಸಿನ ದೊರೆ ಒಟ್ಟೋಗೆ ಬರೆದ. ಆಸ್ಥಾನದವರಿಗೆ ಓಟ, ಜಿಗಿತಕ್ಕಿಂತ ಕೃಷಿ ಮತ್ತು ಕೈಗಾರಿಕೆಯ ವಸ್ತುಪ್ರದರ್ಶನದಲ್ಲಿ ಹೆಚ್ಚು ಆಸಕ್ತಿ ಇತ್ತು. ಕೊನೆಗೆ ಪ್ರದರ್ಶನದ ಜೊತೆಗೇ ಕ್ರೀಡೆಗಳೂ ಇರಲಿ ಎಂದಾಯಿತು. 1859ರ ನವೆಂಬರಿನಲ್ಲಿ ಅಥೆನ್ಸಿನ ಒಂದು ಚೌಕದಲ್ಲಿ ಸ್ಪರ್ಧೆಗಳು ನಡೆದವು. ಓಡಿದವರು, ಜಿಗಿದವರು ಎಲ್ಲರೂ ಗ್ರೀಕರೇ, ಆದರೆ ಎಲ್ಲರೂ ಗ್ರೀಸ್ ದೇಶದ ಪ್ರಜೆಗಳಲ್ಲ. ಆಟೊಮನ್ ಸಾಮ್ರಾಜ್ಯದಲ್ಲಿ ವಾಸವಾಗಿದ್ದ ಗ್ರೀಕರೂ ಬಂದಿದ್ದರು. ಉದ್ದದ ಓಟವನ್ನು ಗೆದ್ದ ಪೆಟ್ರೋಸ್ ವೆಲಿಸಾರಿಯೋಸ್ ಬಂದದ್ದು ಸ್ಮಿರ್ನಾದಿಂದ, ಅಂದರೆ ಇಂದಿನ ಟರ್ಕಿಯ ಇಜ್ಮಿರ್ ನಗರದಿಂದ. ಇದನ್ನು ಅಂತರರಾಷ್ಟ್ರೀಯ ಎನ್ನಬೇಕೋ ರಾಷ್ಟ್ರೀಯ ಎನ್ನಬೇಕೋ? ಒಂದೇ ಜನಾಂಗದ ಕೂಟ, ಎರಡು ರಾಜ್ಯಗಳ ಪ್ರಜೆಗಳು. ಪುಸ್ತಕಗಳು ಭಿನ್ನವಾಗಿ ಹೇಳುವುದು ಇದೇ ಕಾರಣಕ್ಕೆ.

ಜಾಪಾಸ್ 1865ರಲ್ಲಿ ತೀರಿಕೊಂಡರೂ ಅವನು ಬಿಟ್ಟುಹೋದ ಹಣದಿಂದ 1870 ಮತ್ತು 1875ರಲ್ಲಿ ಮತ್ತೆ ಕೂಟಗಳು ನಡೆದವು. 1870ರ ಕೂಟ ಅಗೆದು ಹೊರತೆಗೆದ ಪ್ರಾಚೀನ ಪಾನಾಥೆನೈಕ್ ಕ್ರೀಡಾಂಗಣದಲ್ಲೇ ನಡೆಯಿತು. ಸುಮಾರು 30,000 ಜನ ಸೇರಿದ್ದರು. ಅಲ್ಲಿ ಕೂಲಿ ಮಾಡಿ ಬದುಕುವವರೂ ಸ್ಪರ್ಧಿಸಿದರು, ಗೆದ್ದರು. ಇದು ಅಥೆನ್ಸಿನ ಕೆಲವು ವಿದ್ಯಾವಂತರಿಗೆ ಹಿಡಿಸಲಿಲ್ಲ. 1875ರಲ್ಲಿ ಮೇಲ್ವರ್ಗದ ವಿದ್ಯಾರ್ಥಿಗಳಿಗಷ್ಟೇ ಅವಕಾಶ ಕೊಟ್ಟರು, ಕೂಟ ಸೊರಗಿಹೋಯಿತು. ಯಾರು ಆಡಬಹುದು ಎಂಬ ಜಗಳ ಕ್ರೀಡೆಯ ಜೊತೆಗೇ ಹುಟ್ಟಿದ್ದು. ಬಡವರನ್ನು ಹೊರಗಿಟ್ಟ ಕೂಟಗಳ ಚರಿತ್ರೆಯನ್ನು ಮಕ್ಕಳಿಗೆ ಹೇಳುವಾಗ ಇದನ್ನು ಹಾರಿಸಬಾರದು ಎಂದು ನನ್ನ ಕೋರಿಕೆ.

ಅದೇ ಹೊತ್ತಿಗೆ ಇಂಗ್ಲೆಂಡಿನ ಶ್ರಾಪ್‌ಶೈರ್ ಪ್ರಾಂತ್ಯದ ಮಚ್ ವೆನ್‌ಲಾಕ್ ಎಂಬ ಪುಟ್ಟ ಊರಿನಲ್ಲಿ ಇನ್ನೊಂದು ಪ್ರಯತ್ನ ನಡೆದಿತ್ತು. ಡಾಕ್ಟರ್ ವಿಲಿಯಂ ಪೆನ್ನಿ ಬ್ರೂಕ್ಸ್ ಆ ಊರಿನ ವೈದ್ಯರು. ದುಡಿಯುವ ಜನರಿಗೆ ಓದಲು ಪುಸ್ತಕ ಸಿಗಲಿ ಎಂದು 1841ರಲ್ಲಿ ಒಂದು ಓದುಗರ ಸಂಘ ಕಟ್ಟಿದ್ದರು. 1850ರಲ್ಲಿ ಅದೇ ಸಂಘದಡಿ ಒಲಿಂಪಿಯನ್ ವರ್ಗ ಎಂಬ ವಿಭಾಗ ತೆರೆದು, ಅದೇ ವರ್ಷ ಅಕ್ಟೋಬರಿನಲ್ಲಿ ಮೊದಲ ಕೂಟ ನಡೆಸಿದರು. ಓಟ, ಜಿಗಿತ, ಕ್ರಿಕೆಟ್, ಫುಟ್‌ಬಾಲ್ ಎಲ್ಲವೂ ಇದ್ದವು. ಆರಂಭದ ವರ್ಷಗಳಲ್ಲಿ ಕಣ್ಣಿಗೆ ಬಟ್ಟೆ ಕಟ್ಟಿಕೊಂಡು ಕೈಗಾಡಿ ತಳ್ಳುವ ಸ್ಪರ್ಧೆಯೂ ಇತ್ತು, ಒಂದು ಪೌಂಡ್ ಚಹಾಪುಡಿಯ ಬಹುಮಾನಕ್ಕಾಗಿ ಮುದುಕಿಯರ ಓಟವೂ ಇತ್ತು. ಈ ವಿವರ ಓದಿ ನಕ್ಕು ಮುಂದೆ ಹೋಗುವವರೇ ಹೆಚ್ಚು. ಆದರೆ ಒಂದಿಡೀ ಊರನ್ನು ಬಯಲಿಗೆ ಕರೆತಂದ ಮನುಷ್ಯನ ದೂರದೃಷ್ಟಿ ಸಣ್ಣದಲ್ಲ. ಅಥೆನ್ಸಿನಲ್ಲಿ ಜಾಪಾಸನ ಕೂಟ ನಡೆಯಲಿದೆ ಎಂದು ತಿಳಿದಾಗ ಬ್ರೂಕ್ಸ್ ವೆನ್‌ಲಾಕಿನಿಂದ 10 ಪೌಂಡ್ ಬಹುಮಾನ ಕಳುಹಿಸಿದರು. ಸ್ಮಿರ್ನಾದ ವೆಲಿಸಾರಿಯೋಸ್ ಗೆದ್ದದ್ದು ಆ ಬಹುಮಾನವನ್ನೇ. ಇಂಗ್ಲಿಷ್ ಹಳ್ಳಿಯೊಂದರ ಹಣ ಅಥೆನ್ಸಿನಲ್ಲಿ ಆಟೊಮನ್ ಪ್ರಜೆಯೊಬ್ಬನ ಕೈ ಸೇರಿತು. ದೇಶಗಳ ಗಡಿ ದಾಟಿದ ಕ್ರೀಡಾ ಸಂಬಂಧಕ್ಕೆ ನನಗೆ ಗೊತ್ತಿರುವ ಅತ್ಯಂತ ಚೆಂದದ ಆರಂಭ ಇದು.

ಬ್ರೂಕ್ಸ್ ಅಲ್ಲಿಗೇ ನಿಲ್ಲಲಿಲ್ಲ. ಲಿವರ್‌ಪೂಲ್ ಮತ್ತು ಲಂಡನ್ನಿನ ಸಮಾನಮನಸ್ಕರ ಜೊತೆ ಸೇರಿ 1865ರಲ್ಲಿ ರಾಷ್ಟ್ರೀಯ ಒಲಿಂಪಿಯನ್ ಸಂಘ ಕಟ್ಟಿದರು. ಮರುವರ್ಷ ಲಂಡನ್ನಿನ ಕ್ರಿಸ್ಟಲ್ ಪ್ಯಾಲೇಸಿನಲ್ಲಿ ಆ ಸಂಘದ ಕೂಟ ನಡೆಯಿತು. ಕ್ರಿಕೆಟ್ ಪ್ರಿಯ ಮಕ್ಕಳಿಗೆ ಈ ಸಂಗತಿ ಹೇಳಿ: ಆಗಷ್ಟೇ 18 ತುಂಬಿದ್ದ ಡಬ್ಲ್ಯು. ಜಿ. ಗ್ರೇಸ್, ಓವಲ್ ಅಂಗಳದಲ್ಲಿ ಸರ್ರೆ ವಿರುದ್ಧದ ಪಂದ್ಯದಲ್ಲಿ ಇಂಗ್ಲೆಂಡ್ ತಂಡದ ಪರ ಔಟಾಗದೆ 224 ರನ್ ಹೊಡೆದಿದ್ದರು. ಪಂದ್ಯ ಇನ್ನೂ ಮುಗಿದಿರಲಿಲ್ಲ. ನಾಯಕನ ಅನುಮತಿ ಪಡೆದು ಅಂಗಳ ಬಿಟ್ಟು ಕ್ರಿಸ್ಟಲ್ ಪ್ಯಾಲೇಸಿಗೆ ಹೋಗಿ 440 ಗಜಗಳ ಹರ್ಡಲ್ಸ್ ಓಟ ಗೆದ್ದರು.

ಅದೇ 1866ರಲ್ಲಿ ಲಂಡನ್ನಿನ ಸಿರಿವಂತರು ಬೇರೊಂದು ಅಥ್ಲೆಟಿಕ್ ಕ್ಲಬ್ ಕಟ್ಟಿಕೊಂಡರು. ಕುಶಲಕರ್ಮಿ, ಯಂತ್ರದ ಕೆಲಸಗಾರ, ಕೂಲಿಕಾರ ಇವರಾರೂ ಹವ್ಯಾಸಿ ಕ್ರೀಡಾಪಟುಗಳಲ್ಲ, ಅಂದರೆ ಹಣಕ್ಕಲ್ಲದೆ ಬರಿ ಸಂತೋಷಕ್ಕೆ ಆಡುವವರಲ್ಲ ಎಂದು ಆ ಕ್ಲಬ್ ನಿಯಮ ಬರೆಯಿತು. ಬ್ರೂಕ್ಸರ ಸಂಘ ಕ್ರಮೇಣ ಮಸುಕಾಯಿತು. ಅವರು ಮಾತ್ರ ಕೈಚೆಲ್ಲಲಿಲ್ಲ. 1880ರ ದಶಕದಲ್ಲಿ, ಎಲ್ಲ ದೇಶಗಳವರಿಗೂ ತೆರೆದ ಒಲಿಂಪಿಕ್ ಉತ್ಸವವನ್ನು ಅಥೆನ್ಸಿನಲ್ಲಿ ನಡೆಸೋಣ ಎಂದು ಗ್ರೀಕ್ ಸರ್ಕಾರದ ಬೆನ್ನು ಹತ್ತಿದರು. ಸರ್ಕಾರ ಒಪ್ಪಲಿಲ್ಲ. 1890ರ ಅಕ್ಟೋಬರಿನಲ್ಲಿ 27ರ ಹರೆಯದ ಫ್ರೆಂಚ್ ಶ್ರೀಮಂತ ಪಿಯರೆ ಡಿ ಕೂಬರ್ಟಿನ್ ವೆನ್‌ಲಾಕಿಗೆ ಬಂದಾಗ ಬ್ರೂಕ್ಸರಿಗೆ 81 ವರ್ಷ. ಅತಿಥಿಗಾಗಿ ಕೂಟ ಏರ್ಪಡಿಸಿ, ಅವನ ಹೆಸರಿನಲ್ಲಿ ಓಕ್ ಸಸಿ ನೆಟ್ಟರು. ಒಲಿಂಪಿಕ್ ಕ್ರೀಡೆ ಇನ್ನೂ ಉಳಿದಿದ್ದರೆ ಅದರ ಶ್ರೇಯಸ್ಸು ಈ ವೈದ್ಯರದು ಎಂಬರ್ಥದಲ್ಲಿ ಕೂಬರ್ಟಿನ್ ಆ ವರ್ಷವೇ ಬರೆದ. ಮುಂದೆ ತನ್ನ ಕನಸಿನ ಕಥೆ ಹೇಳುವಾಗ ಬ್ರೂಕ್ಸರ ಹೆಸರನ್ನು ಅಷ್ಟಾಗಿ ಎತ್ತಲಿಲ್ಲ. ಈ ಮೌನ ನ್ಯಾಯವಲ್ಲ ಎಂದೇ ನನ್ನ ಅಭಿಪ್ರಾಯ. 1895ರ ಡಿಸೆಂಬರಿನಲ್ಲಿ ಬ್ರೂಕ್ಸ್ ತೀರಿಕೊಂಡರು. ಅವರು ಬಯಸಿದ್ದ ಕೂಟ ಆಗ ನಾಲ್ಕು ತಿಂಗಳಷ್ಟೇ ದೂರವಿತ್ತು.

ಹಾಗಾದರೆ ಕೂಬರ್ಟಿನ್ ಮಾಡಿದ್ದೇನು? ಸಂಘಟನೆ. 1894ರ ಜೂನಿನಲ್ಲಿ ಪ್ಯಾರಿಸ್ಸಿನ ಸೋರ್ಬಾನ್ ವಿಶ್ವವಿದ್ಯಾಲಯದಲ್ಲಿ ಹಲವು ದೇಶಗಳ ಕ್ರೀಡಾ ಸಂಘಗಳನ್ನು ಸೇರಿಸಿ ಅಂತರರಾಷ್ಟ್ರೀಯ ಒಲಿಂಪಿಕ್ ಸಮಿತಿ ಎಂಬ ಶಾಶ್ವತ ಸಮಿತಿ ಸ್ಥಾಪಿಸಿದ. ಕೂಟ ನಾಲ್ಕು ವರ್ಷಕ್ಕೊಮ್ಮೆ, ಪ್ರತಿ ಬಾರಿ ಬೇರೆ ನಗರದಲ್ಲಿ ನಡೆಯಬೇಕು ಎಂದು ಗೊತ್ತುಮಾಡಿದ. ಜಾಪಾಸ್ ಮತ್ತು ಬ್ರೂಕ್ಸರಿಗೆ ದಕ್ಕದಿದ್ದದ್ದು ಇದೇ. ಅವರ ಕೂಟಗಳು ಒಂದು ಊರಿಗೆ, ಒಬ್ಬ ದಾನಿಗೆ ಅಂಟಿಕೊಂಡಿದ್ದವು. 1896ರಲ್ಲಿಯೂ ಅಲೆಕ್ಸಾಂಡ್ರಿಯಾದಲ್ಲಿ ನೆಲೆಸಿದ್ದ ಗ್ರೀಕ್ ವರ್ತಕ ಜಾರ್ಜ್ ಅವೆರೋಫ್ ಹಣ ಕೊಡದಿದ್ದರೆ ಪಾನಾಥೆನೈಕ್ ಕ್ರೀಡಾಂಗಣಕ್ಕೆ ಅಮೃತಶಿಲೆ ಹೊದಿಸಲು ಆಗುತ್ತಿರಲಿಲ್ಲ.

ಆ ಏಪ್ರಿಲಿನಲ್ಲಿ ಅಥೆನ್ಸಿಗೆ ಬಂದವರನ್ನು ಹತ್ತಿರದಿಂದ ನೋಡಿ. ಜಾನ್ ಬೋಲಂಡ್ ಎಂಬ ಐರಿಷ್ ಯುವಕ ಆಕ್ಸ್‌ಫರ್ಡಿನ ವಿದ್ಯಾರ್ಥಿ, ಬಂದದ್ದು ಪ್ರವಾಸಿಯಾಗಿ. ಗ್ರೀಕ್ ಗೆಳೆಯನೊಬ್ಬ ಟೆನಿಸ್ ಸ್ಪರ್ಧೆಗೆ ಅವನ ಹೆಸರು ಬರೆಸಿದ. ಬೋಲಂಡ್ ಸಿಂಗಲ್ಸ್ ಗೆದ್ದ. ಜರ್ಮನಿಯ ಫ್ರೆಡ್ರಿಕ್ ಟ್ರೌನ್ ಜೊತೆಗೂಡಿ ಡಬಲ್ಸ್ ಕೂಡ ಗೆದ್ದ. ಎಡ್ವಿನ್ ಫ್ಲ್ಯಾಕ್ ಆಸ್ಟ್ರೇಲಿಯಾದವನು, ಲಂಡನ್ನಿನಲ್ಲಿ ಲೆಕ್ಕಪತ್ರದ ಕೆಲಸದಲ್ಲಿದ್ದ. 800 ಮತ್ತು 1500 ಮೀಟರ್ ಎರಡನ್ನೂ ಗೆದ್ದ. ಆಗ ಆಸ್ಟ್ರೇಲಿಯಾ ಎಂಬ ಒಕ್ಕೂಟ ದೇಶವೇ ಹುಟ್ಟಿರಲಿಲ್ಲ. ತ್ರಿವಿಧ ಜಿಗಿತ ಗೆದ್ದು ಈ ಒಲಿಂಪಿಕ್ಸಿನ ಮೊದಲ ವಿಜೇತನಾದ ಜೇಮ್ಸ್ ಕಾನಲಿ, ರಜೆ ಕೊಡಲೊಪ್ಪದ ಹಾರ್ವರ್ಡ್ ವಿಶ್ವವಿದ್ಯಾಲಯವನ್ನೇ ಬಿಟ್ಟು ಬಂದಿದ್ದ. ಅಥೆನ್ಸಿನ ಬ್ರಿಟಿಷ್ ರಾಯಭಾರ ಕಚೇರಿಯ ಇಬ್ಬರು ಸೇವಕರು ಸೈಕಲ್ ಸ್ಪರ್ಧೆಗೆ ಇಳಿದರು. ಸೇವಕರು ಹವ್ಯಾಸಿಗಳಾಗುವುದು ಹೇಗೆ ಎಂದು ತಕರಾರು ಎತ್ತಿದ್ದು ಅವರದೇ ದೇಶದ ಕೆಲವರು. ಅದೇ ಹವ್ಯಾಸಿ ನಿಯಮ ಇಟಲಿಯ ಕಾರ್ಲೋ ಐರೋಲ್ಡಿಯನ್ನು ನಿಜವಾಗಿಯೂ ಹೊರಗಿಟ್ಟಿತು. ಮ್ಯಾರಥಾನ್ ಓಡಲೆಂದು ದಾರಿಯ ಬಹುಭಾಗ ನಡೆದುಕೊಂಡೇ ಮಿಲಾನಿನಿಂದ ಅಥೆನ್ಸಿಗೆ ಬಂದಿದ್ದ ಆತ ಹಿಂದೊಮ್ಮೆ ಓಟಕ್ಕೆ ಹಣ ಪಡೆದಿದ್ದ.

ಇವರಲ್ಲಿ ಹೆಚ್ಚಿನವರನ್ನು ಯಾವ ಸರ್ಕಾರವೂ, ಯಾವ ರಾಷ್ಟ್ರೀಯ ಸಮಿತಿಯೂ ಕಳುಹಿಸಿರಲಿಲ್ಲ. ಭಾಗವಹಿಸಿದ ದೇಶಗಳು 14 ಎಂದು ಅಂತರರಾಷ್ಟ್ರೀಯ ಒಲಿಂಪಿಕ್ ಸಮಿತಿ ಹೇಳುತ್ತದೆ, ಬೇರೆ ಇತಿಹಾಸಕಾರರು ಬೇರೆ ಸಂಖ್ಯೆ ಹೇಳುತ್ತಾರೆ. ಅಂದು ದೇಶವಾರು ಹೆಸರು ಬರೆದುಕೊಂಡಿದ್ದರಲ್ಲವೇ ಲೆಕ್ಕ ಸರಿಹೊಂದುವುದು? ಬೋಲಂಡ್ ಮತ್ತು ಟ್ರೌನ್ ಗೆಲುವನ್ನು ಇಂದಿನ ಪಟ್ಟಿಗಳು ಮಿಶ್ರ ತಂಡ ಎಂಬ ಶೀರ್ಷಿಕೆಯಡಿ ಹಾಕುತ್ತವೆ. ಅದು ಹಿಂತಿರುಗಿ ನೋಡಿ ಅಂಟಿಸಿದ ಚೀಟಿ.

1900ರಲ್ಲಿ ಪ್ಯಾರಿಸ್ಸಿನಲ್ಲಿ ಗೊಂದಲ ಇನ್ನೂ ಹೆಚ್ಚಿತು. ಒಲಿಂಪಿಕ್ಸನ್ನು ವಿಶ್ವ ವಸ್ತುಪ್ರದರ್ಶನದ ಬಾಲಕ್ಕೆ ಕಟ್ಟಿದರು. ಮೇ ತಿಂಗಳಿನಿಂದ ಅಕ್ಟೋಬರ್‌ವರೆಗೆ ಸ್ಪರ್ಧೆಗಳು ಹರಡಿಕೊಂಡವು. ಉದ್ಘಾಟನೆಯೂ ಇಲ್ಲ, ಸಮಾರೋಪವೂ ಇಲ್ಲ. ಓಟದ ಸ್ಪರ್ಧೆಗಳು ಬುವಾ ದ ಬುಲೋನ್ ಉದ್ಯಾನದ ಹುಲ್ಲಿನ ಮೇಲೆ ನಡೆದವು. ಮಹಿಳೆಯರು ಮೊದಲ ಬಾರಿ ಆಡಿದ್ದು ಇಲ್ಲಿಯೇ. ಗಾಲ್ಫ್ ಗೆದ್ದ ಅಮೆರಿಕದ ಮಾರ್ಗರೆಟ್ ಅಬಾಟ್, ತಾನು ಗೆದ್ದದ್ದು ಒಲಿಂಪಿಕ್ ಸ್ಪರ್ಧೆ ಎಂದು ತಿಳಿಯದೆಯೇ 1955ರಲ್ಲಿ ತೀರಿಕೊಂಡರು. ಕ್ರಿಕೆಟ್ ಕೂಡ ಇತ್ತು. ಒಂದೇ ಪಂದ್ಯ. ಇಂಗ್ಲೆಂಡಿನ ಪ್ರವಾಸಿ ಕ್ಲಬ್ ಒಂದರ ಎದುರು ಆಡಿದ ಫ್ರಾನ್ಸ್ ತಂಡದಲ್ಲಿ ಹೆಚ್ಚಿನವರು ಪ್ಯಾರಿಸ್ಸಿನಲ್ಲಿ ವಾಸವಾಗಿದ್ದ ಇಂಗ್ಲಿಷರು.

1904ರ ಸೇಂಟ್ ಲೂಯಿಸ್ ಕೂಟವನ್ನು ನಾನು ಎಂದೂ ಸಮಾಧಾನದಿಂದ ಓದಿಲ್ಲ. ಅಮೆರಿಕದ ಆ ನಗರದಲ್ಲೂ ಒಂದು ಬೃಹತ್ ವಸ್ತುಪ್ರದರ್ಶನವಿತ್ತು. ಯೂರೋಪಿನವರಲ್ಲಿ ಹೆಚ್ಚಿನವರು ಅಷ್ಟು ದೂರ ಬರಲಿಲ್ಲ, ಕೂಬರ್ಟಿನ್ ಸಹ ಬರಲಿಲ್ಲ. ಆಡಿದವರಲ್ಲಿ ಬಹುಪಾಲು ಅಮೆರಿಕನ್ನರೇ. ಪ್ರದರ್ಶನದಲ್ಲಿ ಫಿಲಿಪ್ಪೀನ್ಸಿನ ಬುಡಕಟ್ಟಿನವರು, ಜಪಾನಿನ ಐನುಗಳು, ದಕ್ಷಿಣ ಅಮೆರಿಕದ ಪ್ಯಾಟಗೋನಿಯಾದವರು, ಅಮೆರಿಕದ ಮೂಲನಿವಾಸಿಗಳು ಮುಂತಾದವರನ್ನು ಜನ ನೋಡಿಹೋಗಲೆಂದು ಇರಿಸಿದ್ದರು. ಆಗಸ್ಟ್ 12 ಮತ್ತು 13ರಂದು ಮಾನವಶಾಸ್ತ್ರ ದಿನಗಳು ಎಂಬ ಹೆಸರಿನಲ್ಲಿ ಇವರನ್ನು ಓಟ, ಎಸೆತ, ಜಿಗಿತಗಳಿಗೆ ಇಳಿಸಿದರು. ತರಬೇತಿ ಇಲ್ಲ, ನಿಯಮ ವಿವರಿಸುವವರೂ ಸರಿಯಾಗಿ ಇಲ್ಲ. ಓಟದ ಕೊನೆಯಲ್ಲಿ ಅಡ್ಡಕಟ್ಟಿದ ದಾರವನ್ನು ಎದೆಯಿಂದ ಹರಿದು ಹೋಗಬೇಕೆಂದು ತಿಳಿಯದೆ ಕೆಲವರು ಅದರ ಅಡಿಯಲ್ಲಿ ನುಸುಳಿದರು. ಹೀಗೆ ಬಂದ ಫಲಿತಾಂಶವನ್ನು ಬಿಳಿಯರ ದೇಹಶ್ರೇಷ್ಠತೆಗೆ ವೈಜ್ಞಾನಿಕ ಪುರಾವೆ ಎಂದು ಸಂಘಟಕರು ಮುಂದಿಟ್ಟರು. ಅದೇ ತಿಂಗಳ 30ರಂದು ನಡೆದ ಮ್ಯಾರಥಾನ್, ಇಬ್ಬರು ಆಫ್ರಿಕನ್ನರ ಮೂಲಕ ಈ ಸುಳ್ಳಿಗೆ ಉತ್ತರ ಕೊಟ್ಟಿತು. ದಕ್ಷಿಣ ಆಫ್ರಿಕಾದ ಬೋಯರ್ ಯುದ್ಧದ ಪ್ರದರ್ಶನಕ್ಕೆಂದು ಬಂದಿದ್ದ ಸ್ವಾನಾ ಜನಾಂಗದ ಲೆನ್ ಟೌನ್ಯಾನೆ ಮತ್ತು ಯಾನ್ ಮಶಿಯಾನಿ ಓಟಕ್ಕೆ ಹೆಸರು ಕೊಟ್ಟರು. ಧೂಳಿನ ದಾರಿ, ಸುಡುವ ಬಿಸಿಲು. ಹೊರಟ 32 ಮಂದಿಯಲ್ಲಿ ಗುರಿ ಮುಟ್ಟಿದವರು 14. ಆ 14 ಜನರಲ್ಲಿ ಇಬ್ಬರೂ ಇದ್ದರು. ನಾಯಿಗಳು ಬೆನ್ನಟ್ಟಿದ್ದರಿಂದ ದಾರಿ ತಪ್ಪಿ ಓಡಬೇಕಾಗಿ ಬಂದರೂ ಟೌನ್ಯಾನೆ 9ನೆಯವರಾದರು.

ಈಗ 1906. ಎರಡು ಕೂಟಗಳು ಹೀಗೆ ಹಳಿ ತಪ್ಪಿದ ಮೇಲೆ ಗ್ರೀಕರು ಅಥೆನ್ಸಿನಲ್ಲಿ ಮತ್ತೊಂದು ಕೂಟ ನಡೆಸಿದರು. ನಾಲ್ಕು ವರ್ಷಗಳ ಎರಡು ಕೂಟಗಳ ನಡುವೆ ಬಂದದ್ದರಿಂದ ಅದು ನಡುಗಾಲದ ಕೂಟ. ಏಪ್ರಿಲ್ 22ರಿಂದ ಮೇ 2ರವರೆಗೆ, ಎಲ್ಲವೂ ಒಂದೇ ಚೌಕಟ್ಟಿನಲ್ಲಿ. ಕ್ರೀಡಾಪಟುಗಳ ಹೆಸರು ರಾಷ್ಟ್ರೀಯ ಸಮಿತಿಗಳ ಮೂಲಕ ಬರಬೇಕೆಂಬ ಕ್ರಮ ಇಲ್ಲಿ ಬಂತು. ದೇಶವಾರು ಪಥಸಂಚಲನ ನಡೆಯಿತು. ವಿಜೇತರ ಗೌರವಕ್ಕೆ ಅವರವರ ಧ್ವಜ ಏರಿತು. ಒಲಿಂಪಿಕ್ಸ್ ಎಂದಾಗ ನಮಗೆ ಹೊಳೆಯುವ ಎಷ್ಟೋ ಆಚರಣೆಗಳು ಕಾಣಿಸಿಕೊಂಡದ್ದೇ ಪಟ್ಟಿಯಲ್ಲಿಲ್ಲದ ಈ ಕೂಟದಲ್ಲಿ.

ಧ್ವಜದ ಹಿಂದೆಯೇ ಧ್ವಜದ ಜಗಳವೂ ಬಂತು. ಉದ್ದ ಜಿಗಿತದ ವಿಶ್ವದಾಖಲೆ ಅಂದು ಐರ್ಲೆಂಡಿನ ಪೀಟರ್ ಓ'ಕಾನರ್ ಹೆಸರಿನಲ್ಲಿತ್ತು. 1901ರಲ್ಲಿ ಆತ ಜಿಗಿದ 7.61 ಮೀಟರ್ ಇಪ್ಪತ್ತು ವರ್ಷ ಅಲುಗಲಿಲ್ಲ. ಐರ್ಲೆಂಡಿಗೆ ತನ್ನದೇ ಒಲಿಂಪಿಕ್ ಸಮಿತಿ ಇಲ್ಲದ್ದರಿಂದ ಆತನನ್ನು ಬ್ರಿಟನ್ನಿನವನೆಂದು ಬರೆದುಕೊಂಡರು. ಅಥೆನ್ಸಿನಲ್ಲಿ ಎರಡನೆಯ ಸ್ಥಾನ ಬಂದಾಗ ಬ್ರಿಟಿಷ್ ಧ್ವಜ ಏರುವುದರಲ್ಲಿತ್ತು. ಓ'ಕಾನರ್ ಸ್ವತಃ ಧ್ವಜಸ್ತಂಭ ಹತ್ತಿ ಹಸಿರು ಐರಿಷ್ ಧ್ವಜ ಬೀಸಿದ. ಕೆಳಗೆ ಸಹ ಕ್ರೀಡಾಪಟು ಕಾನ್ ಲೀಹಿ ಯಾರೂ ತಡೆಯದಂತೆ ಕಾವಲು ನಿಂತ. ಹತ್ತು ವರ್ಷ ಹಿಂದೆ ಇದೇ ಅಂಗಳದಲ್ಲಿ ಕೂಟ ನಡೆದಾಗ ಐರಿಷ್ ಬೋಲಂಡ್ ಜರ್ಮನ್ ಜೊತೆಗಾರನೊಂದಿಗೆ ನಿಶ್ಚಿಂತೆಯಿಂದ ಟೆನಿಸ್ ಗೆದ್ದಿದ್ದ. ಆಟಗಾರನ ಹೆಸರಿನ ಮುಂದೆ ದೇಶದ ಹೆಸರು ಕಡ್ಡಾಯವಾದಾಗ, ಸ್ವಂತ ರಾಜ್ಯವಿಲ್ಲದ ಜನರ ನೋವು ಅಂಗಳಕ್ಕೆ ಬಂತು.

ಈ ಕೂಟ ಪಟ್ಟಿಯಲ್ಲಿಲ್ಲದಿರಲು ಕಾರಣ ಕ್ರೀಡೆಗಿಂತ ಆಡಳಿತಕ್ಕೆ ಸಂಬಂಧಿಸಿದ್ದು. ಅಥೆನ್ಸೇ ಕಾಯಂ ಸ್ಥಾನವಾಗಲಿ ಎಂಬ ಗ್ರೀಕರ ಆಸೆ ಕೂಬರ್ಟಿನ್ನನಿಗೆ ಹಿಡಿಸಿರಲಿಲ್ಲ. ನಡುವಿನ ಕೂಟ ನಾಲ್ಕು ವರ್ಷದ ಸರಣಿಗೆ ಹೊಂದುವುದೂ ಇಲ್ಲ. ಅದನ್ನು ಮಾನ್ಯ ಮಾಡಬೇಕೆಂಬ ಕೋರಿಕೆ 1949ರಲ್ಲಿ ಒಲಿಂಪಿಕ್ ಸಮಿತಿಯ ಮುಂದೆ ಬಂದಾಗ, ಸಮಿತಿಯ ಸದಸ್ಯ, ಅಮೆರಿಕದ ಏವರಿ ಬ್ರಂಡೇಜ್ ನೇತೃತ್ವದ ಆಯೋಗ ಒಪ್ಪಲಿಲ್ಲ. ಆದರೆ 1906 ಇಲ್ಲದಿದ್ದರೆ 1908ರ ಲಂಡನ್ ಕೂಟ ಹಾಗೆ ನಡೆಯುತ್ತಿರಲಿಲ್ಲ ಎಂಬುದರಲ್ಲಿ ನನಗೆ ಅನುಮಾನವಿಲ್ಲ. ಲಂಡನ್ನಿನಲ್ಲಿ ರಾಷ್ಟ್ರೀಯ ಸಮಿತಿಯ ಮೂಲಕವಲ್ಲದೆ ಯಾರೂ ಹೆಸರು ಕೊಡುವಂತಿರಲಿಲ್ಲ. ರಷ್ಯಾ ಸಾಮ್ರಾಜ್ಯದ ಅಧೀನದಲ್ಲಿದ್ದ ಫಿನ್ಲೆಂಡ್ ತಂಡ ಅಲ್ಲಿ ಧ್ವಜವಿಲ್ಲದೆ ನಡೆಯಿತು.

ಒಲಿಂಪಿಕ್ಸ್ ಬಾಗಿಲು ಎಲ್ಲಿ ಮುಚ್ಚಿತೋ ಅಲ್ಲಿ ಬೇರೆ ಕೂಟಗಳು ಹುಟ್ಟಿದವು. ಮಹಿಳೆಯರಿಗೆ ಓಟ, ಜಿಗಿತಗಳಲ್ಲಿ ಅವಕಾಶ ಸಿಗದಿದ್ದಾಗ ಫ್ರಾನ್ಸಿನ ಆಲಿಸ್ ಮಿಲಿಯಾ 1922ರ ಆಗಸ್ಟಿನಲ್ಲಿ ಪ್ಯಾರಿಸ್ಸಿನಲ್ಲಿ ಮಹಿಳೆಯರದೇ ಒಲಿಂಪಿಕ್ ಕೂಟ ನಡೆಸಿದರು. ಒಂದೇ ದಿನದ ಆ ಕೂಟ ನೋಡಲು ಸುಮಾರು 20,000 ಜನ ಬಂದರು. ಆ ಒತ್ತಡಕ್ಕೆ ಮಣಿದೇ 1928ರ ಆಮ್‌ಸ್ಟರ್‌ಡ್ಯಾಂ ಒಲಿಂಪಿಕ್ಸಿನಲ್ಲಿ ಮಹಿಳೆಯರಿಗೆ ಐದು ಅಥ್ಲೆಟಿಕ್ ಸ್ಪರ್ಧೆಗಳನ್ನು ಕೊಟ್ಟರು. ಏಷ್ಯಾದಲ್ಲಿ 1913ರಲ್ಲಿ ಮನಿಲಾದಲ್ಲಿ ಫಿಲಿಪ್ಪೀನ್ಸ್, ಚೀನಾ, ಜಪಾನ್ ಮುಖ್ಯವಾಗಿದ್ದ ದೂರಪ್ರಾಚ್ಯ ಕೂಟ ಆರಂಭವಾಯಿತು. 1930ರ ಟೋಕಿಯೊ ಕೂಟಕ್ಕೆ ಭಾರತವೂ ಹೋಗಿತ್ತು. ಜಪಾನ್ ಆಕ್ರಮಿಸಿ ಸ್ಥಾಪಿಸಿದ ಮಂಚುಕುವೊವನ್ನು ಒಂದು ದೇಶವೆಂದು ಸೇರಿಸಿಕೊಳ್ಳಬೇಕೇ ಎಂಬ ಜಗಳದಲ್ಲಿ ಅದು 1934ಕ್ಕೆ ಮುಗಿಯಿತು. ಅದೇ ವರ್ಷ ಭಾರತದ ಕ್ರೀಡಾ ಸಂಘಟಕ ಗುರುದತ್ ಸೋಂಧಿಯವರ ಪ್ರಯತ್ನದಿಂದ ದೆಹಲಿಯಲ್ಲಿ ಪಶ್ಚಿಮ ಏಷ್ಯಾ ಕೂಟ ನಡೆಯಿತು. 1951ರ ಮೊದಲ ಏಷ್ಯನ್ ಕ್ರೀಡಾಕೂಟದ ಹಿಂದೆಯೂ ಅವರೇ ಇದ್ದರು.

ಇನ್ನು ನಾರ್ಮನ್ ಪ್ರಿಚರ್ಡ್. ಹುಟ್ಟಿದ್ದು 1875ರಲ್ಲಿ ಕಲ್ಕತ್ತಾದಲ್ಲಿ, ಇಂಗ್ಲಿಷ್ ಕುಟುಂಬದಲ್ಲಿ. ಬಂಗಾಳದ 100 ಗಜಗಳ ಓಟದ ಪ್ರಶಸ್ತಿಯನ್ನು ಸತತ ಏಳು ವರ್ಷ ಗೆದ್ದಿದ್ದರು. 1900ರಲ್ಲಿ ಇಂಗ್ಲೆಂಡಿಗೆ ಹೋಗಿ ಅಲ್ಲಿನ ಅಥ್ಲೆಟಿಕ್ ಚಾಂಪಿಯನ್‌ಷಿಪ್‌ನಲ್ಲಿ ಓಡಿ, ಅಲ್ಲಿಂದ ಪ್ಯಾರಿಸ್ಸಿಗೆ ಹೋದರು. 200 ಮೀಟರ್ ಓಟ ಮತ್ತು 200 ಮೀಟರ್ ಹರ್ಡಲ್ಸ್ ಎರಡರಲ್ಲೂ ಬೆಳ್ಳಿ. ಒಲಿಂಪಿಕ್ ಸಮಿತಿ ಈ ಪದಕಗಳನ್ನು ಭಾರತಕ್ಕೆ ಕೊಡುತ್ತದೆ. ಅಂತರರಾಷ್ಟ್ರೀಯ ಅಥ್ಲೆಟಿಕ್ ಒಕ್ಕೂಟ ಒಮ್ಮೆ ತನ್ನ ಅಂಕಿಅಂಶಗಳಲ್ಲಿ ಬ್ರಿಟನ್ನಿಗೆ ಬರೆದಿತ್ತು. ನನ್ನ ಉತ್ತರ ಹೀಗಿದೆ: ಪ್ರಿಚರ್ಡ್ ಭಾರತದಲ್ಲಿ ಹುಟ್ಟಿ ಭಾರತದಲ್ಲೇ ಓಟ ಕಲಿತವರು, ಆದರೆ 1900ರಲ್ಲಿ ಅವರನ್ನು ಕಳುಹಿಸಲು ಭಾರತದಲ್ಲಿ ಯಾವ ಸಮಿತಿಯೂ ಇರಲಿಲ್ಲ. ರಸಪ್ರಶ್ನೆಯಲ್ಲಿ ಅಧಿಕೃತ ಉತ್ತರ ಭಾರತ ಎಂದೇ. ಅದನ್ನು ಬರೆಸಿ, ಹಿನ್ನೆಲೆಯನ್ನೂ ಮಕ್ಕಳಿಗೆ ಹೇಳಿ.

ಭಾರತ ತಾನಾಗಿ ಆರಿಸಿ ತಂಡ ಕಳುಹಿಸಿದ್ದು 1920ರಲ್ಲಿ, ಬೆಲ್ಜಿಯಂನ ಆಂಟ್‌ವರ್ಪ್ ಒಲಿಂಪಿಕ್ಸಿಗೆ. ಪುಣೆಯ ಡೆಕ್ಕನ್ ಜಿಮಖಾನಾ ಎಂಬ ಕ್ರೀಡಾ ಕ್ಲಬ್ಬಿನ ಕೂಟದಲ್ಲಿ ಬರಿಗಾಲಲ್ಲಿ ಓಡುತ್ತಿದ್ದ ರೈತರ ವೇಗ ಕಂಡು ದೊರಾಬ್ಜಿ ಟಾಟಾ ಬೆರಗಾದರು. ಅವರ ಮುಂದಾಳತ್ವದಲ್ಲಿ ಆಯ್ಕೆ ಸ್ಪರ್ಧೆಗಳು ನಡೆದು ಆರು ಜನರ ತಂಡ ಹಡಗು ಹತ್ತಿತು. ಅವರಲ್ಲೊಬ್ಬರು ನಮ್ಮ ಬೆಳಗಾವಿಯ ಫಡೆಪ್ಪ ದಾರೆಪ್ಪ ಚೌಗುಲೆ. ಆ ವರ್ಷದ ಮ್ಯಾರಥಾನ್ 42.75 ಕಿಲೋಮೀಟರ್, ಒಲಿಂಪಿಕ್ ಇತಿಹಾಸದಲ್ಲೇ ಅತಿ ಉದ್ದದ್ದು. ಫಿನ್ಲೆಂಡಿನ ಹಾನೆಸ್ ಕೊಲೆಮೈನೆನ್ ಗೆದ್ದ ಆ ಓಟದಲ್ಲಿ ಚೌಗುಲೆ 2 ಗಂಟೆ 50 ನಿಮಿಷ 45 ಸೆಕೆಂಡಿನಲ್ಲಿ ಗುರಿ ಮುಟ್ಟಿ 19ನೆಯವರಾದರು. ಕರ್ನಾಟಕದ ಎಷ್ಟೋ ಶಾಲೆಗಳಲ್ಲಿ ಈ ಹೆಸರು ಗೊತ್ತಿಲ್ಲ. ನಿಮ್ಮ ಮಕ್ಕಳ ಪ್ರಶ್ನೆಪಟ್ಟಿಯಲ್ಲಿ ಪ್ರಿಚರ್ಡ್ ಪಕ್ಕದಲ್ಲೇ ಚೌಗುಲೆಯವರ ಪ್ರಶ್ನೆಯನ್ನೂ ಸೇರಿಸಿ.